ಹುಣಸೆಹಣ್ಣಿನ ಹೆಪ್ಪು

ಮೊಸರು ಮಾಡುವುದೂ ಒಂದು ವಿದ್ಯೆ ಎಂದು ಯಾರಾದರೂ ಹೇಳಿದ್ದರೆ ಆಗ ನಾನು ನಕ್ಕುಬಿಡುತ್ತಿದ್ದೆ. ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವ ಬಿ.ಎಸ್ಸಿ. ಪದವೀಧರ ನಾನು! ಮದುವೆಯಾಗಿತ್ತು, ಆದರೆ ಹೆಂಡತಿ ಇನ್ನೂ ಹತ್ತರಗಿಯ ತವರಿನಲ್ಲೇ ಇದ್ದಳು. ಮೂಡಲಗಿಯ ನನ್ನ ಬಾಡಿಗೆ ಮನೆ ನೋಡಿ, ಅವಳನ್ನು ಈಗಲೇ ಕಳಿಸುವುದೋ ದೀಪಾವಳಿ ಕಳೆದ ಮೇಲೋ ಎಂದು ತೀರ್ಮಾನಿಸಲು ಮಾವನವರು ಮರುದಿನ ಬರುವವರಿದ್ದರು.

ಮಾವನವರಿಗೆ ಮೊಸರಿಲ್ಲದೆ ಊಟ ಸೇರುವುದಿಲ್ಲ. ರೊಟ್ಟಿ, ಪಲ್ಯ ಮಾಡಿಕೊಡಲು ಪಕ್ಕದ ಮನೆಯ ಗೌರವ್ವ ಒಪ್ಪಿದ್ದರು. ಸಂಜೆ ಹಾಲು ಕಾಯಿಸಿ ಆರಿಸಿದ ಮೇಲೆ ನೋಡುತ್ತೇನೆ, ಹೆಪ್ಪು ಹಾಕಲು ಮನೆಯಲ್ಲಿ ಹನಿ ಮೊಸರಿಲ್ಲ. ಬಟ್ಟಲು ಹಿಡಿದು ಗೌರವ್ವನ ಬಾಗಿಲಿಗೆ ಓಡಿದೆ.

“ದೀಪಾ ಹಚ್ಚಿದ ಮ್ಯಾಲ ಹೆಪ್ಪು ಹೊರಗ ಕೊಡಂಗಿಲ್ರಿ ಮಾಸ್ತರ,” ಎಂದರು ಗೌರವ್ವ. “ಒಂದೀಟು ಲಗೂನ ಬರಬಾರದೇನ್ರಿ?”

ನಾನು ಎದೆಗುಂದಲಿಲ್ಲ. ಮೊಸರಿನ ಹುಳಿ ಲ್ಯಾಕ್ಟಿಕ್ ಆಮ್ಲ, ಹುಣಸೆಯ ಹುಳಿ ಟಾರ್ಟಾರಿಕ್ ಆಮ್ಲ. ಎರಡೂ ಹೈಡ್ರಾಕ್ಸಿ ಆಮ್ಲಗಳೇ, ಒಂದೇ ಮನೆತನದವು. ಅಣ್ಣ ಊರಲ್ಲಿಲ್ಲದಾಗ ತಮ್ಮ ಕೆಲಸ ನಡೆಸಲಾರನೇ? ಅದೇ ಬಟ್ಟಲಿನಲ್ಲಿ ಹುಣಸೆಹಣ್ಣು ಕಿವುಚಿ ಹಾಲಿಗೆ ಒಂದು ಚಮಚ ಹಾಕಿದೆ. ಸಾಲದೇನೋ ಎನಿಸಿತು. ಬಟ್ಟಲನ್ನೇ ಬಗ್ಗಿಸಿದೆ. ಹಾಲು ಕಣ್ಣೆದುರೇ ಗಟ್ಟಿಯಾಗತೊಡಗಿತು. ಹೆಪ್ಪಿಗಿಂತ ಚುರುಕು! ಹಿಗ್ಗಿನಿಂದ ಪಾತ್ರೆ ಮುಚ್ಚಿಟ್ಟೆ.

ಮರುದಿನ ಮಾವನವರು ಮನೆಯನ್ನೆಲ್ಲ ನೋಡಿ ಊಟಕ್ಕೆ ಕೂತರು. ನಾನು ಬಹು ಗಾಂಭೀರ್ಯದಿಂದ ಪಾತ್ರೆಯ ಮುಚ್ಚಳ ತೆಗೆದೆ. ಕಂದು ಬಣ್ಣದ ನೀರು. ಅದರಲ್ಲಿ ಬಿಳಿಯ ಗಂಟುಗಳು. ಗಂಟುಗಳ ನಡುವೆ ಒಂದು ಹುಣಸೆಬೀಜ.

“ಅಳ್ಯಾರ, ಇದೇನ್ರಿ?”

“ಮೊಸರು,” ಎಂದೆ. ನನಗೇ ನಂಬಿಕೆ ಬರಲಿಲ್ಲ.

ಆಮ್ಲಗಳ ಮನೆತನವನ್ನು ಅವರಿಗೆ ವಿವರಿಸತೊಡಗಿದೆ. ಅರ್ಧಕ್ಕೆ ಬಂದಾಗ ಹೊಳೆಯಿತು: ಹಾಲನ್ನು ಮೊಸರು ಮಾಡುವುದು ಹೆಪ್ಪಿನಲ್ಲಿರುವ ಸೂಕ್ಷ್ಮಜೀವಿಗಳು, ಆ ಆಮ್ಲವೂ ಅವು ಮಾಡಿದ್ದೇ. ನಾನು ಮಾಡಿದ್ದು ಬರೀ ಹಾಲು ಒಡೆಸುವ ಕೆಲಸ! ವಿವರಣೆ ಅಲ್ಲಿಗೇ ಬಿಟ್ಟು ಪಾತ್ರೆ ಮುಚ್ಚಿದೆ. ಇನ್ನು ದೀಪಾವಳಿಯವರೆಗೆ ಒಬ್ಬನೇ ಎಂದುಕೊಂಡೆ.

ಮಾವನವರು ಪಲ್ಯದಲ್ಲೇ ರೊಟ್ಟಿ ಮುಗಿಸಿ ಕೈ ತೊಳೆದರು.

“ದೀಪಾವಳಿ ಮುಗೀಲಿ ಅಂತ ಮಾಡಿದ್ನಿ,” ಎಂದರು. “ನೋಡಿದ್ರ, ಅಲ್ಲೀತನಕಾ ನೀವು ಉಳಿಯೂದು ಖಾತ್ರಿ ಇಲ್ಲ. ಬರೂ ಸೋಮವಾರನ ಮಗಳನ್ನ ಕರಕೊಂಡು ಬರ್ತೇನಿ.”

ಮರ್ಯಾದೆ ಹೋದರೆ ಹೋಯಿತು, ನನಗೆ ಕುಣಿಯುವಷ್ಟು ಸಂತೋಷವಾಯಿತು. ಗೋಕಾಕದ ಬಸ್ಸು ಹತ್ತಿಸಲು ಅವರ ಜೊತೆಗೇ ಹೋದೆ.

“ಸೋಮವಾರಕ್ಕ ನಾ ಏನು ತಯಾರಿ ಮಾಡಿಡ್ಲಿ, ಮಾವಾರ?”

ಮಾವನವರು ಬಸ್ಸಿನ ಮೆಟ್ಟಿಲ ಮೇಲೆ ನಿಂತು ಅಳಿಯನಿಗೆ ಎರಡೂ ಕೈ ಮುಗಿದರು.

“ಏನೂ ಮಾಡಬ್ಯಾಡ್ರಿ.”