ಕಾಕಾನ ಸಿನಿಮಾ ನೋಡದ ಒಬ್ಬನೇ ಒಬ್ಬ

ನಮ್ಮ ಕಾಕಾನ ಸಿನಿಮಾಗಳನ್ನು ನಮ್ಮ ಬಳಗದವರು ತಪ್ಪದೇ ನೋಡುತ್ತಾರೆ. ನೋಡದೆ ಏನು ಮಾಡುತ್ತಾರೆ, ಎಲ್ಲರೂ ಅದರಲ್ಲೇ ಇರುತ್ತಾರಲ್ಲ! ನಿರ್ಮಾಪಕ, ನಿರ್ದೇಶಕ, ಕಥೆಗಾರ ಎಲ್ಲವೂ ಅವನೇ. ರಾಣೆಬೆನ್ನೂರಿನ ಗೋಡೆಗಳಿಗೆ ಪೋಸ್ಟರ್ ಅಂಟಿಸುವವನೂ ಅವನೇ. ನೋಡದವನು ಒಬ್ಬನೇ, ಅವನ ಅಣ್ಣ, ಅಂದರೆ ನಮ್ಮಪ್ಪ. ಬೀಜದ ಅಂಗಡಿಯಿಂದ ಏಳದೆ, "ನಿನ್ನ ದಿನಾ ನೋಡ್ತೇನಲ್ಲೋ, ಅಷ್ಟ ಸಾಕು" ಎಂದುಬಿಡುತ್ತಿದ್ದ.

ಒಮ್ಮೆ ಅಳುವ ದೃಶ್ಯಕ್ಕೆ ನಾಯಕ ಗ್ಲಿಸರಿನ್ ಕೇಳಿದ. ಕಾಕಾ ಅವನನ್ನು ಬ್ಯಾಡಗಿ ಮಾರುಕಟ್ಟೆಗೆ ಕರೆದೊಯ್ದು ಮೆಣಸಿನಕಾಯಿ ರಾಶಿಗಳ ನಡುವೆ ನಿಲ್ಲಿಸಿದ. ಬ್ಯಾಡಗಿ ಕಾಯಿ ಬಣ್ಣಕ್ಕಷ್ಟೇ, ಖಾರ ಕಡಿಮೆ ಅನ್ನುವವರು ಅಲ್ಲಿ ನಿಂತು ಒಮ್ಮೆ ಉಸಿರೆಳೆಯಬೇಕು! ನಾಯಕ ಅತ್ತ. ಕ್ಯಾಮೆರಾದವನೂ ಅತ್ತ. ಹಮಾಲರು ಮಾತ್ರ ನಗುತ್ತ ನಿಂತಿದ್ದರು. ಎಡವಟ್ಟೆಂದರೆ, ಪ್ರೇಮದ ದೃಶ್ಯವನ್ನೂ ಕಾಕಾ ಅಲ್ಲೇ ಇಟ್ಟುಕೊಂಡಿದ್ದ. ನಾಯಕಿ ಮಾತಿಗೊಮ್ಮೆ ಸೀನಿದಳು.

"ಸರ್, ನಗಾಕ ಆಗವಲ್ದರಿ."

"ನಗಬ್ಯಾಡವಾ. ಲಗ್ನಕ್ಕ ಒಪ್ಪಾಕತ್ತೀದಿ, ಅತ್ತರ ಖರೇ ಕಾಣತೈತಿ."

ಸೆಟ್ ಹಾಕಿಸುವ ಅಭ್ಯಾಸವೇ ಅವನಿಗಿಲ್ಲ. ಹಾವೇರಿಯಲ್ಲಿ ನಮ್ಮ ಅಕ್ಕನ ಮದುವೆಯಲ್ಲಿ, ವಧೂವರರು ಊಟಕ್ಕೆ ಎದ್ದದ್ದೇ ತಡ, ತನ್ನ ನಾಯಕ ನಾಯಕಿಯರನ್ನು ಬಾಸಿಂಗ ಕಟ್ಟಿ ಮಂಟಪದಲ್ಲಿ ಕೂರಿಸಿದ. ಬಸ್ಸು ತಡವಾಗಿ ಆಗ ಬಂದಿಳಿದ ಗುತ್ತಲದ ದೂರದ ಬಳಗದವರು ಅವರ ಮೇಲೆಯೇ ಅಕ್ಕಿಕಾಳು ಹಾಕಿ, ಗೋಡೆ ಗಡಿಯಾರ ಕೊಟ್ಟು, ಹರಸಿ, ಊಟಕ್ಕೆ ಹೋದರು. ಯಾರೋ ತಡೆಯಲು ಹೊರಟರೆ ಕಾಕಾ ಕೈ ಅಡ್ಡ ಹಿಡಿದ. "ಸುಮ್ಮನಿರ್ರಿ, ಭಾಳ ಚಲೋ ಬರಾಕತ್ತೈತಿ." ನಿಜಕ್ಕೂ ಚೆನ್ನಾಗಿಯೇ ಬಂದಿದೆ. ಅಷ್ಟು ಮನಸಾರೆ ಹರಸುವ ಸಹನಟರು ಯಾವ ದೊಡ್ಡ ನಿರ್ದೇಶಕನಿಗೆ ಸಿಕ್ಕಾರು?

ಈಚೆಗೆ ರಾಣೆಬೆನ್ನೂರಿನ ಥಿಯೇಟರೊಂದು ಅವನ ಹೊಸ ಚಿತ್ರಕ್ಕೆ ಬೆಳಗಿನ ಆಟ ಕೊಟ್ಟಿತು. ಹಿಂದಿನ ದಿನ ಕಾಕಾ ಅಂಗಡಿಗೆ ಬಂದು ಅಪ್ಪನೆದುರು ನಿಂತ.

"ಅಣ್ಣಾ, ಊರೆಲ್ಲಾ ಬಂದರೂ ನೀ ಬರಲಿಲ್ಲಂದ್ರ ನನಗ ಥಿಯೇಟರ್ ಖಾಲೀನ."

ಅಪ್ಪ ತಲೆ ಎತ್ತಲಿಲ್ಲ. "ಇಂಟರ್‌ವಲ್ ತನಕ ಅಷ್ಟ."

ಬಂದ. ಕಡೆಯ ಸಾಲಿನಲ್ಲಿ, ಬಾಗಿಲ ಪಕ್ಕ ಕುಳಿತ. ಇಂಟರ್‌ವಲ್ಲಿಗೂ ಮೊದಲೇ ಹೊರಡಲು ಎದ್ದ. ಅಷ್ಟರಲ್ಲಿ ತೆರೆಯ ಮೇಲೆ ನಮ್ಮ ಅಜ್ಜಿ ಬಂದಳು. ಅವರಿಬ್ಬರ ಅವ್ವ, ಚಿತ್ರೀಕರಣ ಮುಗಿದ ಮೇಲೆ ತೀರಿಕೊಂಡವಳು. ನಾಯಕನನ್ನು ಬೈದು ಒಳಗೆ ಹೋಗುವುದಷ್ಟೇ ಅವಳ ಪಾತ್ರ. ಬೈದಳು, ಒಳಗೆ ಹೋಗಲಿಲ್ಲ. ಕ್ಯಾಮೆರಾದ ಹಿಂದೆ ನಿಂತಿದ್ದ ಕಾಕಾನ ಮೇಲೆ ಕಣ್ಣು ಬಿದ್ದಿತ್ತು. ಅದನ್ನು ಕತ್ತರಿಸೋಣವೆಂದು ಎಡಿಟರ್ ಎಷ್ಟು ಹೇಳಿದರೂ ಕಾಕಾ ಕೇಳಿರಲಿಲ್ಲವಂತೆ. ಅಜ್ಜಿ ಈಗ ನೇರ ನಮ್ಮ ಕಡೆಗೇ ನೋಡಿ ಕೇಳಿದಳು:

"ಆಗಿನಿಂದ ನಿಂತೇ ಅದೀಯಲ್ಲೋ ತಮ್ಮಾ, ಉಂಡಿಯೋ ಇಲ್ಲೋ?"

ಜನ ನಕ್ಕರು. ಅಪ್ಪ ಮುಂದಿನ ಕುರ್ಚಿ ಹಿಡಿದುಕೊಂಡು, ಮನೆಯಲ್ಲಿ ಹೇಳುತ್ತಿದ್ದ ದನಿಯಲ್ಲೇ ಹೇಳಿದ: "ಉಂಡೇನವ್ವಾ."

ಬಾಗಿಲಲ್ಲಿದ್ದ ಕಾಕಾ ಹತ್ತಿರ ಬಂದ. ಅಪ್ಪ ತೆರೆಯಿಂದ ಕಣ್ಣು ತೆಗೆಯದೆ ಕೇಳಿದ: "ಅವ್ವ ಮತ್ತ ಬರ್ತಾಳೇನೋ?"

"ಕಡೀಕ ಒಮ್ಮೆ ಬರ್ತಾಳಣ್ಣಾ. ಕುಂದ್ರು."

ಅಪ್ಪ ಕುಳಿತ.