ಡಬ್ಬಾ ದೇವಮ್ಮನ ಏಕೈಕ ಪ್ರದರ್ಶನ

ಕೊಲ್ಲಿನಾಡಿನ ಮನಾಮಾದಲ್ಲಿ ನಮ್ಮ ಪಕ್ಕದ ಫ್ಲ್ಯಾಟಿನ ರಫಾಯೆಲ್ ಸ್ಪೇನಿನ ನಿವೃತ್ತ ಹಾಸ್ಯ ಚಿತ್ರಕಥೆಗಾರರು. ಬ್ಯಾಂಕಿನಲ್ಲಿ ಕೆಲಸ ಮಾಡುವ ಮಗಳ ಮನೆಗೆ ಬಂದು, ಮಾತಿಗೆ ಜನ ಸಿಗದೆ ಒದ್ದಾಡುತ್ತಿದ್ದರು. ನಾನು ಸಿಕ್ಕಿದೆ. ಅವರ ಮೊದಮೊದಲ ಸಿನಿಮಾಗಳೆಲ್ಲ ತೋಪಾದವಂತೆ. ಕೊನೆಗೆ ಸ್ವಂತ ಅಪ್ಪನ ಜಿಪುಣತನವನ್ನೇ ಬರೆದರು. ಊರಿಗೆ ಊರೇ ಬಿದ್ದು ಬಿದ್ದು ನಕ್ಕಿತು. ಅಲ್ಲಿಂದ ಮುಂದೆ ಚಿಕ್ಕಪ್ಪ, ಅತ್ತೆ, ಭಾವ ಯಾರನ್ನೂ ಬಿಡಲಿಲ್ಲ. "ಹಾಸ್ಯ ಮನೆಯಲ್ಲೇ ಇರುತ್ತದೆ" ಎಂದರು. ಇಷ್ಟು ಸುಲಭವೇ! ನಾನು ಆ ಕ್ಷಣವೇ ಲೇಖಕನಾದೆ.

ನಮ್ಮ ಕನ್ನಡ ಬಳಗದ ಯುಗಾದಿಗೆ ಒಂದು ನಾಟಕ ಬೇಕಿತ್ತು. ಮನೆಯಲ್ಲಿ ಹುಡುಕಿದೆ. ಹೆಂಡತಿ ಸುಜಾತ ಸಿಕ್ಕಳು. ಅವಳು ಇಲ್ಲಿನ ಸಲ್ಮಾನಿಯಾ ಆಸ್ಪತ್ರೆಯಲ್ಲಿ ನರ್ಸ್. ಬಳಗದ ಹಬ್ಬದೂಟಕ್ಕೆ ಖಾಲಿ ಡಬ್ಬಗಳ ಚೀಲ ಹಿಡಿದೇ ಬರುತ್ತಾಳೆ. ಕೊನೆಯ ಪಂಕ್ತಿ ಏಳುತ್ತಲೇ ಬಡಿಸುವವರ ಬೆನ್ನು ಹತ್ತಿ ಪಾಯಸ, ಕೋಸಂಬರಿ, ಹೋಳಿಗೆ ತುಂಬಿಸಿಕೊಳ್ಳುತ್ತಾಳೆ. ಅದೆಲ್ಲ ಊರಿಂದ ಹೊಸದಾಗಿ ಬಂದು ಹಬ್ಬದ ದಿನವೂ ಡ್ಯೂಟಿಯಲ್ಲಿರುವ ನರ್ಸ್ ಹುಡುಗಿಯರಿಗೆ. ಈ ವಿಷಯ ಸೇರಿಸಿದರೆ ನಗು ಕಡಿಮೆಯಾಗುತ್ತದೆ. ಆದ್ದರಿಂದ ಕಲಾತ್ಮಕ ಕಾರಣಗಳಿಗಾಗಿ ಕೈಬಿಟ್ಟೆ! ಅವಳಿಗೆ ಓದಿ ಹೇಳುವುದನ್ನೂ ಕೈಬಿಟ್ಟೆ.

ನನ್ನ ನಾಟಕದ ಡಬ್ಬಾ ದೇವಮ್ಮ ಸೆರಗಿನಲ್ಲೂ ಹೋಳಿಗೆ ಕಟ್ಟಿಕೊಂಡಳು. ಹಾಲ್ ಚಪ್ಪಾಳೆಗೆ ನಡುಗಿತು. ಆಮೇಲೆ ಒಂದೊಂದೇ ತಲೆ ಹಿಂದಕ್ಕೆ ತಿರುಗಿತು. ಅಲ್ಲಿ ಸುಜಾತ ಕೂತಿದ್ದಳು, ಕಾಲ ಬಳಿ ಡಬ್ಬಗಳ ಚೀಲ.

ಕನ್ನಡ ಬಾರದ ರಫಾಯೆಲ್ ನನ್ನ ಪಕ್ಕದಲ್ಲೇ ಇದ್ದರು. "ನಿನ್ನ ಹೆಂಡತಿ ಯಾಕೆ ನಗುತ್ತಿಲ್ಲ?"

"ಅದು ಅವಳದೇ ಕಥೆ."

"ಓಹ್. ನನ್ನಪ್ಪ ಆ ಸಿನಿಮಾ ನೋಡಿದ ಮೇಲೆ ನನ್ನ ಜೊತೆ ಮಾತಾಡಲೇ ಇಲ್ಲ" ಎಂದರು.

ಇದನ್ನು ಮೊದಲೇ ಹೇಳಬಾರದಿತ್ತೇ ಮಹಾನುಭಾವ!

ಊಟ ಮುಗಿಯುತ್ತಲೇ ಬಡಿಸುವವರು ತಾವಾಗಿಯೇ ನಗುತ್ತ ಬಂದರು. "ಸುಜಾತಕ್ಕ, ಡಬ್ಬ ಕೊಡಿ ಮಾರಾಯ್ರೆ!"

"ಇವತ್ತು ಎಂತದೂ ಬೇಡ" ಎಂದಳು.

ಕಾರಿನಲ್ಲಿ ಖಾಲಿ ಡಬ್ಬಗಳು ಪ್ರತಿ ತಿರುವಿನಲ್ಲೂ ಗಡಗಡ ಎಂದವು. ನನಗೆ ನಾಚಿಕೆಯಿಂದ ಅವಳ ಮುಖ ನೋಡಲಾಗಲಿಲ್ಲ.

"ತಮಾಷೆಗೆ ಬರೆದದ್ದು ಕಣೇ."

"ಗೊತ್ತುಂಟು. ಎಲ್ಲರೂ ನಗಾಡಿದ್ರಲ್ಲ."

ಅಷ್ಟರಲ್ಲಿ ಅವಳಿಗೆ ಫೋನ್ ಬಂತು. ವಾರ್ಡಿನ ಹುಡುಗಿ. ಸುಜಾತ ಸ್ಪೀಕರ್ ಒತ್ತಿ ನನ್ನತ್ತ ಹಿಡಿದಳು.

"ಅಕ್ಕ, ಹೊರಟ್ರಾ? ಹೋಳಿಗೆ ಉಂಟಲ್ಲ? ನಾವು ಯಾರೂ ಕ್ಯಾಂಟೀನಿಗೆ ಹೋಗ್ಲಿಲ್ಲ, ಕಾಯ್ತಾ ಇದ್ದೇವೆ!"

"ಹೇಳಿ, ನಾಟಕಕಾರರೇ" ಎಂದಳು ಸುಜಾತ.