ತೊಂದರೆಗೆ ವಿಷಾದಿಸುತ್ತೇವೆ

ಅಷ್ಟೂ ರಾದ್ಧಾಂತಕ್ಕೆ ಕಾರಣ ಒಂದೇ ಒಂದು ಸಾಲು. ಅದೂ ಬರೆದ ಸಾಲಲ್ಲ, ಅಳಿಸಿದ ಸಾಲು.

ನೀರು ಸರಬರಾಜು ಕಚೇರಿಯಲ್ಲಿ ದೂರು ವಿಭಾಗ ಅಂತ ಒಂದು ಮೂಲೆ ಇತ್ತು. ಆ ಮೂಲೆಯಲ್ಲಿ ಒಂದು ಮೇಜು, ಒಂದು ಕಂಪ್ಯೂಟರು, ತಿರುಗಿದರೆ ನರಳುವ ಒಂದು ಕುರ್ಚಿ, ಅದರ ಮೇಲೆ ದೂರಕ್ಕ. ದೂರು ತೆಗೆದುಕೊಳ್ಳುವ ಅಕ್ಕ ಆದ್ದರಿಂದ ದೂರಕ್ಕ. ನಿಜವಾದ ಹೆಸರು ಹಾಜರಿ ಹಾಕುವವನಿಗೂ ಮರೆತುಹೋಗಿತ್ತು.

ನಲ್ಲಿಯಲ್ಲಿ ನೀರಿಲ್ಲ, ನೀರಿದೆ ಆದರೆ ಕೆಂಪಗಿದೆ, ಪಕ್ಕದ ಮನೆಗೆ ಬರುತ್ತದೆ ನಮಗೆ ಮಾತ್ರ ಬರುವುದಿಲ್ಲ ಎಂದು ಊರವರೆಲ್ಲ ಬೆಳಗಿನಿಂದ ಮೇಲ್ ಕಳಿಸುತ್ತಿದ್ದರು. ಯಾರು ಏನೇ ಬರೆದರೂ ದೂರಕ್ಕ ಕಳಿಸಬೇಕಾದ ಉತ್ತರ ಒಂದೇ: "ನಿಮ್ಮ ಪತ್ರ ತಲುಪಿತು. ತೊಂದರೆಗೆ ವಿಷಾದಿಸುತ್ತೇವೆ. ಆದಷ್ಟು ಬೇಗ ಕ್ರಮ ಕೈಗೊಳ್ಳುತ್ತೇವೆ." ಮೇಲೆ ಹೆಸರು ಬದಲಾಯಿಸಬೇಕು, ಕೆಳಗೆ ಇದನ್ನು ಅಂಟಿಸಬೇಕು, ಕಳಿಸಬೇಕು. ಅಷ್ಟರಲ್ಲಿ ಇನ್ನೆರಡು ಬಂದಿರುತ್ತಿದ್ದವು. ಅಂದಿನ ಮೇಲ್‌ಗೆ ಅಂದೇ ಉತ್ತರ ಹೋಗದೆ ಯಾರೂ ಎದ್ದು ಹೋಗುವಂತಿಲ್ಲ ಎಂಬುದು ಸಾಹೇಬರ ಅಪ್ಪಣೆ. 'ಯಾರೂ' ಎಂದರೆ ದೂರಕ್ಕ.

ಇಷ್ಟು ವರ್ಷ ಇಡೀ ಕಚೇರಿಯ ಪರವಾಗಿ ವಿಷಾದಿಸಿ ವಿಷಾದಿಸಿ ಆಕೆಯ ಬಲಗೈ ಮಣಿಕಟ್ಟು ಊದಿಕೊಂಡಿತ್ತು. ಡಾಕ್ಟರು ನೋಡಿ, ಪಟ್ಟಿ ಸುತ್ತಿ, "ಕೈಗೆ ಸ್ವಲ್ಪ ವಿಶ್ರಾಂತಿ ಕೊಡಿ," ಎಂದರು.

"ಕೈ ಮಾತ್ರ ನಂದು ಡಾಕ್ಟ್ರೇ, ವಿಶ್ರಾಂತಿ ಸಾಹೇಬ್ರ ಹತ್ರ ಇದೆ," ಎಂದು ಹೇಳಿ ಬಂದಿದ್ದಳು.

ಮನೆಯಲ್ಲಿ ಸೊಸೆ ವೆಬ್‌ಸೈಟ್ ಕಟ್ಟುವ ಕೆಲಸದವಳು. ಅತ್ತೆ ಎಡಗೈಯಲ್ಲಿ ಊಟ ಬಡಿಸುವುದನ್ನು ನೋಡಲಾರದೆ ಒಂದು ದಿನ ಅಂದಳು:

"ಅತ್ತೆ, ಈ ಕೆಲಸಾನ ಕಂಪ್ಯೂಟರೇ ಮಾಡತ್ತೆ. ಮೇಲ್ ಬಂತಾ ನೋಡೋದು, ಉತ್ತರ ಕಳ್ಸೋದು, ಮತ್ತೆ ನೋಡೋದು. ನೀವು ಅದರದೊಂದು ಭಾಷೆ ಕಲೀಬೇಕು ಅಷ್ಟೆ."

"ಗೊತ್ತಿರೋ ಭಾಷೇಲಿ ಮಾತಾಡೋಕೇ ತ್ರಾಣ ಇಲ್ಲ ಕಣಮ್ಮ."

"ಪೈಥಾನ್ ಅಂತ. ಸುಲಭ."

"ಹೆಬ್ಬಾವಿನ ಹೆಸರಿಟ್ಕೊಂಡು ಸುಲಭ ಅಂತೀಯಲ್ಲ!"

ಹೆಸರಿಗೆ ತಕ್ಕ ಹಾಗೆ ಅದು ದೂರಕ್ಕನನ್ನು ನಿಧಾನವಾಗಿಯೇ ನುಂಗಿತು. ಸಂಜೆ ಪಾತ್ರೆ ತೊಳೆದಾದ ಮೇಲೆ ಅಡುಗೆಮನೆಯ ಕಟ್ಟೆಯ ಮೇಲೆ ಲ್ಯಾಪ್‌ಟಾಪ್ ಇಟ್ಟುಕೊಂಡು ಪಾಠ. ಆ ಭಾಷೆಯಲ್ಲಿ ಅಕ್ಷರ ತಪ್ಪಿದರೆ ಪರದೆಯ ಮೇಲೆ ಕೆಂಪು, ಚಿಹ್ನೆ ತಪ್ಪಿದರೆ ಕೆಂಪು, ಕೊನೆಗೆ ಏನೂ ಬರೆಯದೆ ಬಿಟ್ಟ ಖಾಲಿ ಜಾಗ ಒಂದಿಷ್ಟು ಹೆಚ್ಚುಕಡಿಮೆಯಾದರೂ ಕೆಂಪು. ಬರೆಯದ್ದಕ್ಕೂ ಬೈಸಿಕೊಳ್ಳಬೇಕಾದ ಭಾಷೆಯನ್ನು ದೂರಕ್ಕ ಕಂಡಿರಲಿಲ್ಲ.

"ನೋಡು, ಮತ್ತೆ ಬೈತಾ ಇದೆ!"

"ಬೈತಿಲ್ಲ ಅತ್ತೆ. ಎಲ್ಲಿ ತಪ್ಪಾಗಿದೆ ಅಂತ ಹೇಳ್ತಿದೆ ಅಷ್ಟೆ."

"ನಿಮ್ಮ ಮಾವನೂ ಹಾಗೇ ಅನ್ನೋದು."

ಹಜಾರದಲ್ಲಿ ಪೇಪರು ಓದುತ್ತಿದ್ದ ಮಾವ ಕೆಮ್ಮಿದರು.

"ಇದರಲ್ಲಿ ಒಳ್ಳೇದು ಏನಂದ್ರೆ ಅತ್ತೆ, ನೀವು ಏನು ಹೇಳ್ತೀರೋ ಅಷ್ಟನ್ನೇ ಮಾಡತ್ತೆ."

"ಹಾಗಾದ್ರೆ ಕಲಿಸು ತಾಯಿ. ಈ ಮನೇಲಿ ನಾನು ಹೇಳಿದ್ದು ಕೇಳೋದು ಅದೊಂದಾದ್ರೂ ಇರಲಿ."

ಅಂತೂ ಒಂದು ಪ್ರೋಗ್ರಾಮು ಸಿದ್ಧವಾಯಿತು. ಸೊಸೆ ಒಂದು ಸಾಲನ್ನು ಮಾತ್ರ ಎರಡೆರಡು ಸಲ ತೋರಿಸಿ ಬರೆಸಿದ್ದಳು. ಬಂದಿರುವುದು ದೂರಲ್ಲ, ಇನ್ನೊಂದು ಯಂತ್ರದ ಉತ್ತರ ಎಂದಾದರೆ ಸುಮ್ಮನಿರು ಎನ್ನುವ ಸಾಲು ಅದು.

ಮರುದಿನ ಬೆಳಿಗ್ಗೆ ದೂರಕ್ಕ ಕಚೇರಿಯ ಕಂಪ್ಯೂಟರಿನಲ್ಲಿ ಪ್ರೋಗ್ರಾಮನ್ನು ಚೀಟಿ ನೋಡಿ ಮತ್ತೆ ಬರೆದು ಓಡಿಸಿದಳು. ಕೆಂಪು ಬಂತು. ಯಾವ ಸಾಲು ಎಂದು ಕನ್ನಡಕ ಏರಿಸಿ ನೋಡಿದರೆ ಅದೇ, 'ಸುಮ್ಮನಿರು' ಸಾಲು. ಜಾಗ ಹೆಚ್ಚು ಮಾಡಿದಳು, ಕೆಂಪು. ಕಡಿಮೆ ಮಾಡಿದಳು, ಇನ್ನೂ ಉದ್ದನೆಯ ಕೆಂಪು. ಸೊಸೆಗೆ ಫೋನ್ ಮಾಡಿದರೆ ಅವಳು ಮೀಟಿಂಗಿನಲ್ಲಿ. ಅಷ್ಟು ಹೊತ್ತಿಗೆ ದೂರುಗಳು ಸಂತೆಗೆ ಬಂದವರ ಹಾಗೆ ಸಾಲುಗಟ್ಟಿದ್ದವು. ಮಣಿಕಟ್ಟು ಸಿಡಿಯುತ್ತಿತ್ತು.

"ಸುಮ್ಮನಿರು ಅಂದ್ರೆ ಯಾರು ತಾನೆ ಸುಮ್ಮನಿದ್ದಾರೆ," ಎಂದುಕೊಂಡು ದೂರಕ್ಕ ಆ ಸಾಲನ್ನೇ ಅಳಿಸಿಹಾಕಿದಳು.

ಪ್ರೋಗ್ರಾಮು ಬೆಣ್ಣೆ ಹಚ್ಚಿದ ಹಾಗೆ ಓಡಿತು. ನೋಡನೋಡುತ್ತಿದ್ದಂತೆ ಸಾಲಿನಲ್ಲಿದ್ದ ದೂರುಗಳೆಲ್ಲ ಉತ್ತರ ಕಟ್ಟಿಕೊಂಡು ಜಾಗ ಖಾಲಿ ಮಾಡಿದವು. ದೂರಕ್ಕ ಎರಡೂ ಕೈಯನ್ನು ಮಡಿಲಲ್ಲಿಟ್ಟುಕೊಂಡು ಕೂತಳು. ಕೆಲಸದ ಹೊತ್ತಿನಲ್ಲಿ ತನ್ನ ಕೈಗಳು ಹೀಗೆ ಕಾಣುತ್ತವೆ ಎನ್ನುವುದೇ ಆಕೆಗೆ ಮರೆತುಹೋಗಿತ್ತು. ಕಣ್ಣು ತಾನಾಗಿ ಮುಚ್ಚಿತು.

ಎಬ್ಬಿಸಿದ್ದು ಪಕ್ಕದ ಮೇಜಿನ ಟೈಪಿಸ್ಟು. ಗುಟ್ಟಿಲ್ಲದ ಮಾತನ್ನೂ ಕಿವಿಯಲ್ಲಿ ಹೇಳುವುದು ಅವಳ ಅಭ್ಯಾಸ. "ದೂರಕ್ಕಾ," ಎಂದು ಪಿಸುಗುಟ್ಟಿದಳು, "ನಿಮ್ಮ ಕಂಪ್ಯೂಟರಿಗೆ ಏನೋ ಬಂದಿದೆ. ನಡುಗ್ತಾ ಇದೆ."

ಪರದೆಯ ಮೇಲೆ ಸಾಲುಗಳು ಜಲಪಾತದ ಹಾಗೆ ಸುರಿಯುತ್ತಿದ್ದವು. ಎಲ್ಲವೂ ಒಂದೇ ಕಡೆಯಿಂದ, ರಸ್ತೆ ಇಲಾಖೆಯಿಂದ.

ನೀರಿನವರಿಗೂ ರಸ್ತೆಯವರಿಗೂ ಎಣ್ಣೆ ಸೀಗೇಕಾಯಿ ಸಂಬಂಧ. ಇವರು ಪೈಪು ಹಾಕಲು ಅವರ ರಸ್ತೆ ಅಗೆಯುತ್ತಾರೆ, ಅವರು ರಸ್ತೆ ಹಾಕಲು ಹೋಗಿ ಇವರ ಪೈಪು ಒಡೆಯುತ್ತಾರೆ. ಹೊಂಡ ಯಾರದು ಎಂಬ ಜಗಳದಲ್ಲಿ ಎರಡು ಇಲಾಖೆಯ ಸಾಹೇಬರೂ ಮುಖ ನೋಡುವುದನ್ನು ಬಿಟ್ಟು ಯಾವ ಕಾಲವೋ ಆಗಿತ್ತು. ಆ ಬೆಳಿಗ್ಗೆ ಅವರು, "ನಿಮ್ಮ ಹೊಂಡ ನೀವು ಮುಚ್ಚಿ," ಎಂದು ಬರೆದಿದ್ದರು. ದೂರಕ್ಕನ ಪ್ರೋಗ್ರಾಮು, "ತೊಂದರೆಗೆ ವಿಷಾದಿಸುತ್ತೇವೆ," ಎಂದಿತು. ಕೂಡಲೇ ಆ ಕಡೆಯಿಂದ, "ಪತ್ರಕ್ಕೆ ಧನ್ಯವಾದ. ನಮ್ಮಿಂದ ತಪ್ಪಾಗಿದ್ದರೆ ಕ್ಷಮೆ ಇರಲಿ. ಸರಿಪಡಿಸುತ್ತೇವೆ," ಎಂದು ಬಂತು. ಇದು ವಿಷಾದಿಸಿತು. ಅದು ಕ್ಷಮೆ ಕೇಳಿತು. ನೀವು ಮೊದಲು ಹತ್ತಿ, ಇಲ್ಲ ನೀವು ಮೊದಲು ಹತ್ತಿ ಎಂದು ಬಸ್ಸಿನ ಬಾಗಿಲಲ್ಲಿ ನಿಂತ ಇಬ್ಬರು ಮರ್ಯಾದಸ್ಥರ ಹಾಗೆ ಅವೆರಡೂ ಬಿಡದೆ ನಡೆಸಿದ್ದವು.

"ನಿಲ್ಸಿ ಅಕ್ಕಾ!"

"ಹೊರಡಿಸೋದು ಮಾತ್ರ ಕಲ್ತಿದ್ದೀನಿ ಕಣೆ. ನಿಲ್ಸೋ ಪಾಠ ಇನ್ನೂ ಆಗಿಲ್ಲ!"

ಅಷ್ಟರಲ್ಲಿ ಹೆಡ್ ಕ್ಲರ್ಕು ಬಂದರು. ಯಾವ ಅನಾಹುತವಾದರೂ "ನಾನು ಅಂದಿದ್ದೆ" ಎನ್ನುವುದು ಅವರ ಪದ್ಧತಿ. "ನಾನು ಅಂದಿದ್ದೆ," ಎಂದರು.

"ಏನಂದಿದ್ರಿ?"

"ಅದು ಬಿಡಿ. ಮೊದಲು ಪ್ಲಗ್ ಕೀಳಿ."

ಜವಾನ ಮೇಜಿನ ಅಡಿಗೆ ನುಗ್ಗಿದ. ಅಲ್ಲಿ ವೈರುಗಳು ಬಾಚಣಿಗೆ ಕಾಣದ ತಲೆಯ ಹಾಗಿದ್ದವು. ಅವನು ಕೈಗೆ ಸಿಕ್ಕಿದ್ದನ್ನು ಎಳೆದ. ಫ್ಯಾನು ನಿಂತಿತು. ಇನ್ನೊಂದು ಎಳೆದ. ದೂರಕ್ಕನ ಕಂಪ್ಯೂಟರು ಮಾತ್ರ ವಿಷಾದಿಸುತ್ತಲೇ ಇತ್ತು, ಆದರೆ ಒಳಗಿನ ಕೋಣೆಯಿಂದ ಸಾಹೇಬರ ಕೂಗು ಬಂತು. ಬೆಳಗಿನಿಂದ ಕೂತು ಬರೆಯುತ್ತಿದ್ದ ವರದಿ ಕಣ್ಣೆದುರೇ ಕತ್ತಲಾಗಿತ್ತು.

ವೈರು ಮತ್ತೆ ಸಿಕ್ಕಿಸಿದ್ದಾಯಿತು. ಕಂಪ್ಯೂಟರು ಎದ್ದು ಕೂತ ಮೇಲೆ ಸಾಹೇಬರು ವರದಿಯನ್ನಲ್ಲ, ಮೊದಲು ಒಂದು ಮೇಲ್ ಬರೆದರು. ಎದುರು ಕರೆದು ಬೈಯುವುದಕ್ಕಿಂತ ದಾಖಲೆಯಲ್ಲಿ ಬೈಯುವುದರಲ್ಲಿ ಅವರಿಗೆ ನಂಬಿಕೆ. "ದೂರು ವಿಭಾಗದಲ್ಲಿ ಏನು ನಡೆಯುತ್ತಿದೆ? ಕೂಡಲೇ ವಿವರಣೆ ಕೊಡಿ."

ಕಣ್ಣು ಮಿಟುಕಿಸುವುದರೊಳಗೆ ಉತ್ತರ ಬಂತು. ನಿಮ್ಮ ಪತ್ರ ತಲುಪಿತು. ತೊಂದರೆಗೆ ವಿಷಾದಿಸುತ್ತೇವೆ.

"ವಿವರಣೆ ಕೇಳಿದ್ದು, ವಿಷಾದ ಅಲ್ಲ!" ಎಂದು ಸಾಹೇಬರು ಮತ್ತೆ ಬರೆದರು. ಮತ್ತೆ ಪತ್ರ ತಲುಪಿತು. ಮೂರನೆಯ ಸಲ ಸಾಹೇಬರು ತಾವೇ ತಲುಪಿದರು.

"ಏನಮ್ಮಾ ಇದು, ತಮಾಷೆನಾ?"

"ತಮಾಷೆ ಮಾಡೋಷ್ಟು ಶಕ್ತಿ ಇಲ್ಲ ಸಾರ್," ಎಂದಳು ದೂರಕ್ಕ. ಅದಕ್ಕಿಂತ ನಿಜವಾದ ಮಾತನ್ನು ಆಕೆ ಆ ದಿನ ಆಡಲಿಲ್ಲ.

"ನಾನು ಅಂದಿದ್ದೆ ಸಾರ್," ಎಂದರು ಹೆಡ್ ಕ್ಲರ್ಕು.

"ಸಂಜೆಯೊಳಗೆ ಇದು ನಿಲ್ಲದಿದ್ರೆ ನಿಮ್ಮನ್ನ ಗುಡ್ಡದಾಚೆ ಪಂಪ್‌ಹೌಸಿಗೆ ಹಾಕ್ತೀನಿ. ಅಲ್ಲಿ ಆ ಪಂಪಿಗೆ ವಿಷಾದ ಹೇಳ್ಕೊಂಡು ಕೂತಿರಿ."

ಸೊಸೆಯ ಫೋನು ಬಂದಾಗ ಊಟದ ಹೊತ್ತು ಮೀರಿತ್ತು.

"ಅತ್ತೆ, ಆ ಸಾಲು ಅಳಿಸಿದ್ರಾ?"

"ಹೂಂ."

ಆ ಕಡೆಯಿಂದ ನಿಟ್ಟುಸಿರೊಂದು ಬಂತು. ಸೊಸೆಯಾಗಿ ಅಲ್ಲ, ಮೇಷ್ಟರಾಗಿ ಬಿಟ್ಟದ್ದು. "ಕಂಟ್ರೋಲ್ ಅಂತ ಇದೆಯಲ್ಲ, ಅದನ್ನ ಒತ್ತಿ ಹಿಡ್ಕೊಳ್ಳಿ. ಹಾಗೇ ಸಿ ಒತ್ತಿ."

ದೂರಕ್ಕ ಒತ್ತಿದಳು. ಸುರಿಯುತ್ತಿದ್ದದ್ದು ನಿಂತಿತು. "ಇಷ್ಟೇನಾ?" ಎಂದಳು.

ಊಟದ ಡಬ್ಬಿಯ ಮುಚ್ಚಳಕ್ಕೆ ಕೈಯಿಟ್ಟಿದ್ದಳಷ್ಟೆ, ಬಾಗಿಲು ಧಡಾರನೆ ತೆರೆಯಿತು. ರಸ್ತೆ ಇಲಾಖೆಯ ಸಾಹೇಬರು! ಅವರ ಹಿಂದೆ, ಗದ್ದದವರೆಗೆ ಕಾಗದ ಹೊತ್ತುಕೊಂಡ ಒಬ್ಬ ಗುಮಾಸ್ತ. ಕಾಗದದ ಮೇಲೆ ಅವನ ಎರಡು ಕಣ್ಣು ಮಾತ್ರ ಕಾಣುತ್ತಿದ್ದವು, ಅವೂ ಸುಸ್ತಾಗಿದ್ದವು.

"ಒಪ್ಕೊಂಡ್ರಲ್ಲಾ!" ಎಂದರು ರಸ್ತೆ ಸಾಹೇಬರು, ಸದ್ದು ಕೇಳಿ ಕೋಣೆಯಿಂದ ಹೊರಬಂದ ನೀರಿನ ಸಾಹೇಬರಿಗೆ. "ಬರವಣಿಗೇಲಿ ಒಪ್ಕೊಂಡಿದ್ದೀರಿ, ತೊಂದರೆ ನಿಮ್ಮದೇ ಅಂತ! ಊರಿನ ಹೊಂಡ ಎಲ್ಲ ಇನ್ನು ನೀವೇ ಮುಚ್ಚಿ!"

"ನೀವು ಕ್ಷಮೆ ಕೇಳಿಲ್ವಾ? ಸರಿಪಡಿಸ್ತೀವಿ ಅಂದಿಲ್ವಾ? ಪ್ರಿಂಟ್ ತೆಗೀಲಾ?"

"ತೆಗೀರಿ!"

"ಕಾಗದ ನೀವೇ ತಂದಿದ್ದೀರಲ್ಲ, ಓದ್ಕೊಳ್ಳಿ!"

ಇಬ್ಬರೂ ಕೋಣೆಯ ಒಳಗೆ ಹೋಗಿ ಜಗಳ ಮುಂದುವರಿಸಿದರು. ಗುಮಾಸ್ತ ಕಾಗದದ ಹೊರೆಯನ್ನು ದೂರಕ್ಕನ ಮೇಜಿನ ಮೇಲೆ ಇಳಿಸಿ, ಜವಾನನ ಸ್ಟೂಲು ಎಳೆದುಕೊಂಡು ಕೂತ. ಬಲಗೈ ಮಣಿಕಟ್ಟಿಗೆ ಅವನೂ ಪಟ್ಟಿ ಸುತ್ತಿಕೊಂಡಿದ್ದ. ದೂರಕ್ಕ ಅದನ್ನು ನೋಡಿದಳು. ಅವನು ದೂರಕ್ಕನ ಪಟ್ಟಿ ನೋಡಿದ.

"ನೀವೂ ಕಲಿತ್ರಾ ಅಕ್ಕಾ?" ಎಂದ ಮೆಲ್ಲಗೆ.

"ಸೊಸೆ ಕಲಿಸಿದ್ಲು. ನಿಮಗೆ?"

"ಮಗಳು." ಸ್ಟೂಲನ್ನು ಇನ್ನಷ್ಟು ಹತ್ತಿರ ಎಳೆದುಕೊಂಡು ಕೇಳಿದ, "ಒಂದು ಸಾಲು ಕೆಂಪಗಾಯ್ತಾ?"

"ಆಯ್ತು."

"ಅಳಿಸಿದ್ರಾ?"

"ಅಳಿಸ್ದೆ."

"ನಾನೂ ಅಷ್ಟೆ," ಎಂದ.

ದೂರಕ್ಕ ಡಬ್ಬಿಯನ್ನು ಅವನ ಕಡೆ ಸರಿಸಿದಳು. ಬೆಳಗಿನಿಂದ ಒಬ್ಬರಿಗೊಬ್ಬರು ಅಷ್ಟು ಮರ್ಯಾದೆ ಕೊಟ್ಟುಕೊಂಡ ಮೇಲೆ ಒಬ್ಬಳೇ ಉಣ್ಣುವುದು ಸರಿಯೆನಿಸಲಿಲ್ಲ.

ಆಗ ಒಳಗೆ ಫೋನು ಮೊಳಗಿತು. ಜಗಳ ನಿಂತಿತು. ಗಾಜಿನ ಆಚೆ ನೀರಿನ ಸಾಹೇಬರು ಎದ್ದು ನಿಂತದ್ದು ಕಾಣಿಸಿತು. ಮರುಕ್ಷಣ ರಸ್ತೆ ಸಾಹೇಬರೂ ಎದ್ದರು. ಟೈಪಿಸ್ಟು ಬಂದು ಕಿವಿಯಲ್ಲಿ, "ಕೇಂದ್ರ ಕಚೇರಿ, ಮೇಲಧಿಕಾರಿಗಳು," ಎಂದಳು. ಇಲಾಖೆಗಳ ನಡುವಿನ ಪತ್ರವ್ಯವಹಾರವೆಲ್ಲ ಅವರ ಕಣ್ಣಿಗೆ ಬೀಳುತ್ತದಂತೆ.

ಗುಮಾಸ್ತನ ಕೈಯ ತುತ್ತು ಬಾಯಿಗೆ ಹೋಗಲಿಲ್ಲ. "ನಮ್ಮಿಬ್ರ ಕತೆ ಮುಗೀತು ಅಕ್ಕಾ."

"ಪಂಪ್‌ಹೌಸಲ್ಲಿ ಜಾಗ ಇದ್ಯಂತೆ," ಎಂದಳು ದೂರಕ್ಕ. ಹೆದರುವುದಕ್ಕೂ ಆಕೆಗೆ ಆಯಾಸವಾಗಿತ್ತು. ಅಲ್ಲಿಗೆ ಮೇಲ್ ಬರುವುದಿಲ್ಲ ಎಂಬುದೂ ಹೊಳೆದು, ಪಂಪ್‌ಹೌಸು ಅಷ್ಟೇನೂ ಕೆಟ್ಟದ್ದಲ್ಲ ಅನ್ನಿಸತೊಡಗಿತ್ತು.

ಇಬ್ಬರು ಸಾಹೇಬರೂ ಹೊರಗೆ ಬಂದರು. ಮುಖದಲ್ಲಿ ಸಿಟ್ಟಿಲ್ಲ. ಮದುವೆಮನೆಯ ಬಾಗಿಲಲ್ಲಿ ನಿಂತ ಬೀಗರ ಹಾಗೆ ಇಬ್ಬರೂ ನಗಲು ಪ್ರಯತ್ನಿಸುತ್ತಿದ್ದರು.

"ಮೇಲಧಿಕಾರಿಗಳಿಗೆ ತುಂಬಾ ಸಂತೋಷ ಆಗಿದೆ," ಎಂದರು ನೀರಿನ ಸಾಹೇಬರು. "ಇಷ್ಟು ವರ್ಷದಲ್ಲಿ ಎರಡು ಇಲಾಖೆ ಇಷ್ಟು ಸೌಜನ್ಯದಿಂದ ಪತ್ರ ಬರ್ಕೊಂಡಿದ್ದು ಅವರು ಕಂಡಿಲ್ವಂತೆ. ಮೊದಲನೇ ಪತ್ರ ಬಿಟ್ರೆ ಒಂದು ಬಿರುಸು ಮಾತಿಲ್ಲ ಅಂದ್ರು. ಬರೆದವರು ಯಾರು ಅಂತ ಕೇಳಿದ್ರು. ನಿಮ್ಮಿಬ್ರ ಹೆಸರು ಹೇಳಿದ್ದೀವಿ."

"ನಾನು ಅಂದಿದ್ದೆ!" ಎಂದರು ಹೆಡ್ ಕ್ಲರ್ಕು.

ದೂರಕ್ಕ ಎದ್ದು ನಿಂತಳು. ಇಷ್ಟು ವರ್ಷದ ಕೆಲಸದಲ್ಲಿ ಒಮ್ಮೆಯೂ ಯಾರೂ ಹೆಸರು ಕೇಳಿರಲಿಲ್ಲ. "ಸಾರ್, ಅದು ಪ್ರೋಗ್ರಾಮು—"

"ಶ್!" ಎಂದರು ಇಬ್ಬರು ಸಾಹೇಬರೂ, ಒಂದೇ ಉಸಿರಿಗೆ. ಅವರಿಬ್ಬರು ಒಮ್ಮತಕ್ಕೆ ಬಂದದ್ದು ಅದೇ ಮೊದಲು. "ಆ ವಿಷಯ ಮೇಲಕ್ಕೆ ಹೋಗಬಾರದು. ಯಂತ್ರ ಬರೆದಿದ್ದು ಅಂತ ಗೊತ್ತಾದ್ರೆ ನಮ್ಮ ಮರ್ಯಾದೆ ಏನಾಗಬೇಕು? ಆ ಪ್ರೋಗ್ರಾಮನ್ನ ಈಗಲೇ ಅಳಿಸಿಬಿಡಿ."

"ಅಳಿಸ್ತೀನಿ ಸಾರ್. ಅಷ್ಟೇ ತಾನೆ?"

ಸಾಹೇಬರು ಗಂಟಲು ಸರಿಮಾಡಿಕೊಂಡರು. "ಇನ್ನೊಂದಿದೆ. ಈ ಸೌಹಾರ್ದ ಇವತ್ತಿಗೇ ನಿಲ್ಲಬಾರದು ಅಂತ ಆದೇಶ ಆಗಿದೆ. ಸಮನ್ವಯ ಸಮಿತಿ ಅಂತ ಮಾಡಿದ್ದಾರೆ. ಸದಸ್ಯರು ನೀವಿಬ್ರೇ. ಊರವರ ದೂರಿಗೆ ಉತ್ತರ ಕಳ್ಸೋದು ಇದ್ದೇ ಇದೆ. ಅದು ಮುಗಿದ ಮೇಲೆ ಸಮಿತಿ ಪತ್ರಗಳು. ಇವತ್ತು ಎಷ್ಟು ಹೋಗಿದ್ಯೋ ದಿನಾ ಅಷ್ಟು ಹೋಗ್ಬೇಕು. ಕಡಿಮೆಯಾದ್ರೆ ಕೇಂದ್ರ ಕಚೇರಿ ಯಾಕೆ ಅಂತ ಕೇಳತ್ತೆ. ಭಾನುವಾರ ಸಭೆ."

"ಭಾನುವಾರ ರಜೆ ಸಾರ್!"

"ಅದಕ್ಕೇ ಇಟ್ಟಿದ್ದು. ಬೇರೆ ದಿನ ನಿಮಗೆ ಬಿಡುವೆಲ್ಲಿ?"

ಸಾಹೇಬರಿಬ್ಬರೂ ಟೀ ಕುಡಿಯಲು ಹೋದರು. ಹೆಡ್ ಕ್ಲರ್ಕು ಅವರ ಹಿಂದೆ ಹೋದರು. ದೂರಕ್ಕ ಪ್ರೋಗ್ರಾಮನ್ನು ಅಳಿಸಿ, ಹಳೆಯ ಕುರ್ಚಿಯಲ್ಲಿ ಕೂತು, ಮಣಿಕಟ್ಟಿನ ಪಟ್ಟಿ ಬಿಚ್ಚಿ ಮತ್ತೆ ಬಿಗಿಯಾಗಿ ಸುತ್ತಿಕೊಂಡಳು. ಗುಮಾಸ್ತ ತನ್ನ ಕಚೇರಿಗೆ ಹೊರಟವನು ಬಾಗಿಲಲ್ಲಿ ನಿಂತು ತಿರುಗಿ ನೋಡಿದ.

"ಅಕ್ಕಾ, ಮತ್ತೆ ಶುರು ಯಾರು ಮಾಡೋದು?"

ದೂರಕ್ಕ ಕನ್ನಡಕ ಒರೆಸಿ ಹಾಕಿಕೊಂಡಳು.

"ನೀವೇ ಬೈದು ಒಂದು ಬರೀರಿ," ಎಂದಳು. "ನಾನು ವಿಷಾದಿಸ್ತೀನಿ."